ಡೋನಟ್ ಹೊಟ್ಟೆಯಲ್ಲಿ ಹುಣಸೆ ಕುಟ್ಟುಂಡೆ

ಶಾಲೆಯ ಗೇಟಿಗೆ ಎದುರಾಗಿ ಒಂದು ಗೂಡಂಗಡಿ. ಮುಂದಿನ ಹಲಗೆಯ ಮೇಲೆ ಸಾಲು ಭರಣಿಗಳು: ಕಡಲೆ ಮಿಠಾಯಿ, ಕಮರ್‌ಕಟ್, ಶುಂಠಿ ಪೆಪ್ಪರಮಿಂಟು, ಕಿತ್ತಳೆ ತೊಳೆಯ ಆಕಾರದ ಹುಳಿ ಪೆಪ್ಪರಮಿಂಟು, ಬಣ್ಣಬಣ್ಣದ ಜೀರಿಗೆ ಮಿಠಾಯಿ. ಮೂಲೆಯ ತಟ್ಟೆಯಲ್ಲಿ ಕಡ್ಡಿಗೆ ಮೆತ್ತಿದ ಹುಣಸೆ ಕುಟ್ಟುಂಡೆ. ಅದರ ಮೇಲೊಂದು ಪ್ಲಾಸ್ಟಿಕ್ ಹಾಳೆ, ಹಾಳೆಯ ಮೇಲೆ ನೊಣ. ಬಿಡುವಿನ ಗಂಟೆ ಹೊಡೆದದ್ದೇ ತಡ, ನಾಲ್ಕಾಣೆ ಎಂಟಾಣೆ ಹಿಡಿದ ಕೈಗಳು ಮುಗಿಬೀಳುತ್ತವೆ.

ಆ ಕೈಗಳಿಗೆ ಈಗ ನಲವತ್ತೋ ಐವತ್ತೋ ವರ್ಷ. ಭಾನುವಾರ ಮಧ್ಯಾಹ್ನ ಅವು ಮೈದಾ ನಾದುತ್ತಿವೆ. ಮಕ್ಕಳಿಗೆ ಡೋನಟ್ ಬೇಕು. ಮಾಡುವವರಿಗೆ ಅದರೊಳಗೆ ತಾವು ಚಿಕ್ಕಂದಿನಲ್ಲಿ ಚೀಪಿದ ಒಂದು ರುಚಿಯನ್ನು ಸೇರಿಸುವ ಆಸೆ. ಹೀಗಾಗಿ ಬೆಂಗಳೂರು, ಮೈಸೂರು, ಹುಬ್ಬಳ್ಳಿಯ ಅಡುಗೆಮನೆಗಳಲ್ಲಿ ಜಾಮೂನು ತುಂಬಿದ ಡೋನಟ್, ಮೈಸೂರು ಪಾಕಿನ ಡೋನಟ್, ಪೇಡ ಪುಡಿ ಮಾಡಿ ತುರುಕಿದ ಡೋನಟ್ ಎಲ್ಲವೂ ಹುಟ್ಟುತ್ತಿವೆ. ಫೋಟೊದಲ್ಲಿ ಚೆನ್ನಾಗಿ ಕಾಣುತ್ತವೆ. ಬಾಯಿಗಿಟ್ಟರೆ ಎರಡನೇ ತುತ್ತಿಗೇ ಸಾಕೆನಿಸುತ್ತದೆ.

ಕೈಗುಣದ ತಪ್ಪಲ್ಲ ಇದು. ಎಣ್ಣೆಯಲ್ಲಿ ಕರಿದ, ಬೆಣ್ಣೆ ಸಕ್ಕರೆ ಹಾಕಿ ನಾದಿದ ಹಿಟ್ಟಿನೊಳಗೆ ತುಪ್ಪದ ಸಿಹಿ ಇಟ್ಟರೆ ನಾಲಿಗೆಗೆ ಹಿಡಿದುಕೊಳ್ಳಲು ಏನೂ ಸಿಗುವುದಿಲ್ಲ. ಹೂರಣದ ಡೋನಟ್ ಹುಟ್ಟಿ ಬೆಳೆದ ಊರುಗಳವರಿಗೆ ಇದು ಗೊತ್ತಿತ್ತು. ನಮ್ಮ ಗೂಡಂಗಡಿಗೂ ಗೊತ್ತಿತ್ತು. ಅದರ ಉತ್ತರ ಮೂಲೆಯ ತಟ್ಟೆಯಲ್ಲಿತ್ತು.

ಹೂರಣ ನಮಗೆ ಹೊಸದಲ್ಲ

ಹಿಟ್ಟಿನೊಳಗೆ ಸಿಹಿ ತುಂಬುವುದನ್ನು ಕನ್ನಡದ ಅಡುಗೆಮನೆಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಹೋಳಿಗೆ, ಕಡುಬು, ಕರ್ಜಿಕಾಯಿ, ಸುಕಿನುಂಡೆ ಎಲ್ಲದರ ಜೀವಾಳವೂ ಹೊರಗಿನ ಕಣಕ, ಒಳಗಿನ ಹೂರಣ. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ 12ನೇ ಶತಮಾನದಲ್ಲಿ ಬರೆಸಿದ ಸಂಸ್ಕೃತ ಗ್ರಂಥ ‘ಮಾನಸೋಲ್ಲಾಸ’ದಲ್ಲಿ ಗೋಧಿ ಹಿಟ್ಟಿನಿಂದ ಮಾಡಿ ಕರಿಯುವ ‘ಗೋಲಮು’ ಎಂಬ ಸಿಹಿಯ ಪ್ರಸ್ತಾಪವಿದೆ. ಆಹಾರದ ಇತಿಹಾಸ ಬರೆಯುವವರು ಅದನ್ನು ಡೋನಟ್‌ಗೆ ಹೋಲಿಸುವುದುಂಟು. 16ನೇ ಶತಮಾನದ ಆರಂಭದಲ್ಲಿ ಮೂರನೆಯ ಮಂಗರಸ ಕನ್ನಡದಲ್ಲೇ ಬರೆದ ‘ಸೂಪಶಾಸ್ತ್ರ’ ಪದ್ಯರೂಪದ ಪಾಕಶಾಸ್ತ್ರ. ಅದರಲ್ಲಿ ಹಿಟ್ಟಿನ ತಿನಿಸುಗಳಿಗೇ ಒಂದು ಅಧ್ಯಾಯ ಮೀಸಲಾಗಿದೆ.

ಆದರೆ ಒಂದು ವ್ಯತ್ಯಾಸವಿದೆ, ಮನೆಯ ಪ್ರಯೋಗಗಳು ಕೈಕೊಡುವುದು ಅಲ್ಲೇ. ಹೋಳಿಗೆಯಲ್ಲಿ ಹೂರಣ ಮೊದಲು, ಬೇಯಿಸುವುದು ಆಮೇಲೆ. ಡೋನಟ್‌ನಲ್ಲಿ ಕರಿಯುವುದು ಮೊದಲು, ತುಂಬುವುದು ಆಮೇಲೆ. ಹೋಳಿಗೆಯ ಕಣಕ ಉಬ್ಬುವುದಿಲ್ಲವಾದ್ದರಿಂದ ಗಟ್ಟಿ ಹೂರಣವನ್ನು ಅಪ್ಪಿಕೊಂಡು ತೆಳ್ಳಗಾಗುತ್ತದೆ. ಡೋನಟ್‌ನ ಹಿಟ್ಟು ಎಣ್ಣೆಯಲ್ಲಿ ಇನ್ನಷ್ಟು ಉಬ್ಬುತ್ತದೆ. ಒಳಗೆ ತೇವದ ಹೂರಣವಿದ್ದರೆ ಹಬೆ ಕಟ್ಟಿ ಬಿರಿಯುತ್ತದೆ, ಎಣ್ಣೆಗೆ ಬಿದ್ದ ಬೆಲ್ಲ ಸೀದು ಹೊಗೆಯೇಳುತ್ತದೆ. ಕರಿದ ಮೇಲೆ ತುಂಬುವುದಾದರೆ ಹೂರಣ ಸಣ್ಣ ತೂತಿನಲ್ಲಿ ಇಳಿಯುವಷ್ಟು ಮೆತ್ತಗಿರಬೇಕು, ಒಳಗೆ ಹೋದ ಮೇಲೆ ಹರಿಯದಷ್ಟು ಗಟ್ಟಿಯಾಗಿರಬೇಕು. ಹೋಳಿಗೆಯ ಹೂರಣವನ್ನು ಇದ್ದಂತೆಯೇ ತುರುಕಿದರೆ ಒಳಗೆ ಒಣ ಉಂಡೆಯಾಗಿ ಕೂರುತ್ತದೆ.

ಹುಳಿ ಜ್ಯಾಮಿನ ಕಥೆ

ಹೂರಣದ ಡೋನಟ್‌ನ ಹಳೆಯ ಲಿಖಿತ ಉಲ್ಲೇಖಗಳಲ್ಲೊಂದು ಜರ್ಮನಿಯ ನ್ಯೂರೆಂಬರ್ಗಿನಲ್ಲಿ 1485ರಲ್ಲಿ ಅಚ್ಚಾದ ‘ಕುಷೆನ್‌ಮೈಸ್ಟರೈ’ ಎಂಬ ಪಾಕಪುಸ್ತಕದಲ್ಲಿದೆ. ಅಚ್ಚಿನ ಯಂತ್ರ ಬಂದು ಹೆಚ್ಚು ಕಾಲವಾಗಿರಲಿಲ್ಲ. ಮೊದಮೊದಲು ಅಚ್ಚಾದ ಅಡುಗೆ ಪುಸ್ತಕಗಳಲ್ಲಿ ಇದೂ ಒಂದು. ಎರಡು ಹಿಟ್ಟಿನ ಬಿಲ್ಲೆಗಳ ನಡುವೆ ಜ್ಯಾಮ್ ಇಟ್ಟು ಅಂಚು ಒತ್ತಿ ಕರಿಯುವ ಕ್ರಮ ಅದು, ಹೆಚ್ಚು ಕಡಿಮೆ ನಮ್ಮ ಕಡುಬಿನಂತೆ. ಆಗ ಯುರೋಪಿನಲ್ಲಿ ಸಕ್ಕರೆ ದುಬಾರಿಯಾದ್ದರಿಂದ ಮಾಂಸ, ಅಣಬೆಯಂಥ ಖಾರದ ಹೂರಣಗಳೇ ಹೆಚ್ಚು ಬಳಕೆಯಲ್ಲಿದ್ದವು. ಮುಂದೆ ಅಟ್ಲಾಂಟಿಕ್ ಆಚೆಯ ತೋಟಗಳಲ್ಲಿ ಗುಲಾಮರ ದುಡಿಮೆಯಿಂದ ಬೆಳೆದ ಕಬ್ಬು ಸಕ್ಕರೆಯ ಬೆಲೆ ಇಳಿಸಿತು, ಹಣ್ಣಿನ ಜ್ಯಾಮ್ ಸಾಮಾನ್ಯರ ಮನೆಗೂ ಬಂತು.

ಇಂದಿಗೂ ಈ ತಿನಿಸು ಹಬ್ಬದ ಜತೆ ಬೆಸೆದುಕೊಂಡಿದೆ. ಕ್ರೈಸ್ತರ ನಲವತ್ತು ದಿನಗಳ ಉಪವಾಸಕ್ಕೆ ಮುಂಚೆ ಮನೆಯಲ್ಲಿರುವ ಕೊಬ್ಬು, ಮೊಟ್ಟೆ, ಸಕ್ಕರೆ ಖಾಲಿ ಮಾಡಬೇಕು. ಅದಕ್ಕಾಗಿ ಪೋಲೆಂಡಿನವರು ಕರಿಯುವುದು ‘ಪೊಂಚ್ಕಿ’. ಉಪವಾಸ ಶುರುವಾಗುವ ಮುನ್ನ ಬರುವ ಗುರುವಾರದಂದು ಅಲ್ಲಿನ ಬೇಕರಿಗಳ ಮುಂದೆ ಬೆಳಗ್ಗೆಯೇ ಸಾಲು. ವಿಯೆನ್ನಾದಲ್ಲಿ ಅದೇ ಕಾಲಕ್ಕೆ ‘ಕ್ರಾಪ್ಫೆನ್’. ಯಹೂದಿಗಳ ಹನುಕ್ಕಾ ಹಬ್ಬದಲ್ಲಿ ದೀಪದೆಣ್ಣೆಯ ಪವಾಡವನ್ನು ನೆನೆದು ಎಣ್ಣೆಯಲ್ಲಿ ಕರಿದದ್ದನ್ನು ತಿನ್ನುವ ವಾಡಿಕೆ. ಇಸ್ರೇಲಿನಲ್ಲಿ ಅದು ‘ಸುಫ್ಗಾನಿಯೋತ್’.

ಇವುಗಳ ಒಳಗೇನಿರುತ್ತದೆ ನೋಡಿ. ಪೋಲೆಂಡಿನಲ್ಲಿ ಕಾಡುಗುಲಾಬಿಯ ಕಾಯಿಯ ಅಥವಾ ಪ್ಲಮ್ ಹಣ್ಣಿನ ಜ್ಯಾಮ್. ವಿಯೆನ್ನಾದಲ್ಲಿ ಏಪ್ರಿಕಾಟ್. ಇಸ್ರೇಲಿನಲ್ಲಿ ಹೆಚ್ಚಾಗಿ ಸ್ಟ್ರಾಬೆರಿ. ಎಲ್ಲವೂ ಹುಳಿ ಬೆರೆತ ಸಿಹಿ. ಕೊಬ್ಬಿನ ಜಿಡ್ಡನ್ನು ಹುಳಿ ಕತ್ತರಿಸುತ್ತದೆ, ಬಾಯಲ್ಲಿ ನೀರೂರಿಸುತ್ತದೆ, ಇನ್ನೊಂದು ತುತ್ತಿಗೆ ನಾಲಿಗೆ ಸಿದ್ಧವಾಗುತ್ತದೆ. ಬಜ್ಜಿಯ ಜತೆ ಹುಣಸೆ ಚಟ್ನಿ ಕೊಡುವ ನಮ್ಮ ಗಾಡಿಯವರಿಗೆ ಇದನ್ನು ವಿವರಿಸುವ ಅಗತ್ಯವಿಲ್ಲ.

ನಡುವೆ ತೂತಿರುವ ಡೋನಟ್ ಅಮೆರಿಕದ ಬೆಳವಣಿಗೆ. 1847ರಲ್ಲಿ ಹಡಗಿನಲ್ಲಿದ್ದಾಗ ಮೊದಲ ತೂತು ಕೊರೆದದ್ದು ತಾನೇ ಎಂದು ಹ್ಯಾನ್ಸನ್ ಗ್ರೆಗರಿ ಎಂಬ ನಾವಿಕ ಮುಪ್ಪಿನಲ್ಲಿ ಹೇಳಿಕೊಂಡಿದ್ದ. ಅಂಚು ಬೆಂದರೂ ನಡುಭಾಗ ಹಸಿಯಾಗಿ ಉಳಿಯುತ್ತಿತ್ತು ಎಂಬುದು ಅವನ ದೂರು. ಅವನ ಹಕ್ಕುಸಾಧನೆ ಎಷ್ಟು ನಿಜವೋ ಏನೋ, ದೂರಂತೂ ನಿಜ. ಹೂರಣ ತುಂಬುವ ಡೋನಟ್‌ಗೆ ತೂತಿಲ್ಲ. ಹಾಗಾಗಿ ಅದನ್ನು ಕರಿಯುವಾಗ ಅವಸರ ಮಾಡುವಂತಿಲ್ಲ.

ಭಾರತದ ನಗರಗಳಿಗೆ ಡೋನಟ್ ಸರಪಳಿ ಅಂಗಡಿಗಳು ದೊಡ್ಡದಾಗಿ ಬಂದದ್ದು 2008ರ ನಂತರ. ಡಂಕಿನ್ ಡೋನಟ್ಸ್ 2012ರಲ್ಲಿ ದೆಹಲಿಯಲ್ಲಿ ಮೊದಲ ಮಳಿಗೆ ತೆರೆಯಿತು, ಕ್ರಿಸ್ಪಿ ಕ್ರೀಮ್ 2013ರಲ್ಲಿ ಬೆಂಗಳೂರಿಗೆ ಬಂತು. ಅವುಗಳ ಗಾಜಿನ ಕಪಾಟಿನಲ್ಲಿ ಕಣ್ಣಿಗೆ ಬೀಳುವುದು ಚಾಕೊಲೇಟು ಮತ್ತು ಸಕ್ಕರೆ ಲೇಪದ ಡೋನಟ್‌ಗಳೇ. ಡೋನಟ್ ಎಂದರೆ ಸಿಹಿಯ ಮೇಲೆ ಸಿಹಿ ಎಂಬ ಅಭಿಪ್ರಾಯ ನಮ್ಮಲ್ಲಿ ಬೇರೂರಿದ್ದಕ್ಕೆ ಇದೂ ಒಂದು ಕಾರಣವಿರಬೇಕು.

ಕಣಕ: ಸಿಹಿ ಕಡಿಮೆ, ನಾದುವುದು ಹೆಚ್ಚು

ಮನೆಯಲ್ಲಿ ಹದಿನಾಲ್ಕು ಹದಿನೈದು ಡೋನಟ್‌ಗೆ 400 ಗ್ರಾಂ ಮೈದಾ ಸಾಕು. ಅದಕ್ಕೆ 7 ಗ್ರಾಂ ಇನ್‌ಸ್ಟಂಟ್ ಈಸ್ಟ್, 40 ಗ್ರಾಂ ಸಕ್ಕರೆ, 6 ಗ್ರಾಂ ಉಪ್ಪು, 200 ಮಿ.ಲೀ. ಉಗುರುಬೆಚ್ಚಗಿನ ಹಾಲು, ಒಂದು ಮೊಟ್ಟೆ, 50 ಗ್ರಾಂ ಮೆತ್ತಗಿನ ಬೆಣ್ಣೆ. ಮೊಟ್ಟೆ ತಿನ್ನದ ಮನೆಯವರು ಅದರ ಬದಲು ಮೂರು ಚಮಚ ಗಟ್ಟಿ ಮೊಸರು ಹಾಕಿಕೊಳ್ಳಬಹುದು; ಬಣ್ಣ ತುಸು ಮಾಸಲಾಗುತ್ತದೆ, ಮೆದುತನಕ್ಕೆ ಕೊರತೆಯಿಲ್ಲ. ಹೂರಣ ಹೇಗೂ ಸಿಹಿಯಿರುವುದರಿಂದ ಹಿಟ್ಟಿಗೆ ಇದಕ್ಕಿಂತ ಹೆಚ್ಚು ಸಕ್ಕರೆ ಬೇಡ. ಹೆಚ್ಚಾದ ಸಕ್ಕರೆ ಇನ್ನೊಂದು ಕೆಡುಕನ್ನೂ ತರುತ್ತದೆ: ಒಳಗೆ ಬೇಯುವ ಮೊದಲೇ ಹೊರಗೆ ಕಂದು ತಿರುಗುತ್ತದೆ.

ಬೆಣ್ಣೆ ಬಿಟ್ಟು ಉಳಿದೆಲ್ಲವನ್ನು ಕಲಸಿ, ಐದಾರು ನಿಮಿಷ ನಾದಿದ ಮೇಲೆ ಬೆಣ್ಣೆಯನ್ನು ಸ್ವಲ್ಪ ಸ್ವಲ್ಪವಾಗಿ ಸೇರಿಸಬೇಕು. ಮೊದಲೇ ಬೆಣ್ಣೆ ಹಾಕಿದರೆ ಅದು ಹಿಟ್ಟಿನ ಕಣಗಳಿಗೆ ಮೆತ್ತಿಕೊಂಡು ಅಂಟು ಕಟ್ಟಲು ಬಿಡುವುದಿಲ್ಲ. ಈ ಅಂಟೇ ಗ್ಲುಟೆನ್. ಈಸ್ಟ್ ಬಿಡುವ ಗಾಳಿಯನ್ನು ಹಿಡಿದಿಡುವ ಬಲೆ. ನಮ್ಮ ಅಂಗಡಿಗಳ ಸಾಧಾರಣ ಮೈದಾದಲ್ಲಿ ಬ್ರೆಡ್ಡಿಗೆಂದೇ ಮಾರುವ ಹಿಟ್ಟಿನಷ್ಟು ಪ್ರೋಟೀನ್ ಇರುವುದಿಲ್ಲ, ಆದ್ದರಿಂದ ಒಟ್ಟು ಹನ್ನೆರಡು ನಿಮಿಷವಾದರೂ ನಾದಬೇಕು. ಚಿಕ್ಕ ಉಂಡೆಯೊಂದನ್ನು ಎರಡೂ ಕೈಯಿಂದ ಎಳೆದರೆ ಹರಿಯದೆ, ಬೆಳಕು ಕಾಣುವಷ್ಟು ತೆಳ್ಳಗಾಗಬೇಕು. ಹೋಳಿಗೆಯ ಕಣಕ ನಾದಿ ಪಳಗಿದವರಿಗೆ ಈ ಹದ ಬೆರಳಿಗೇ ಗೊತ್ತಾಗುತ್ತದೆ.

ಮುಚ್ಚಿಟ್ಟ ಹಿಟ್ಟು ದುಪ್ಪಟ್ಟಾಗಲು ಎಷ್ಟು ಹೊತ್ತು? ಪುಸ್ತಕಗಳು ಒಂದು ಗಂಟೆ ಎನ್ನುತ್ತವೆ. ಮಂಗಳೂರಿನ ಏಪ್ರಿಲ್ ಸೆಕೆಯಲ್ಲಿ ಮುಕ್ಕಾಲು ಗಂಟೆಗೇ ಪಾತ್ರೆ ತುಂಬಬಹುದು, ಮಡಿಕೇರಿಯ ಡಿಸೆಂಬರಿನಲ್ಲಿ ಎರಡು ಗಂಟೆಯೂ ಸಾಲದಿರಬಹುದು. ಗಡಿಯಾರ ಬಿಟ್ಟು ಹಿಟ್ಟನ್ನು ನೋಡುವುದೇ ಸರಿ.

ಆಮೇಲೆ 50 ಗ್ರಾಮಿನ ಉಂಡೆಗಳು. ಬಿರುಕಿಲ್ಲದಂತೆ ಉರುಟಿ, ಒಂದೊಂದನ್ನೂ ಚೌಕದ ಬೆಣ್ಣೆ ಕಾಗದದ ತುಂಡಿನ ಮೇಲಿಟ್ಟು, ಅಂಗೈಯಿಂದ ಮೆಲ್ಲಗೆ ಅದುಮಿ, ಇನ್ನೊಮ್ಮೆ ಉಬ್ಬಲು ಬಿಡಬೇಕು. ಬೆರಳ ತುದಿಯಿಂದ ಒತ್ತಿದ ಗುಳಿ ನಿಧಾನಕ್ಕೆ ಮೇಲೇಳುತ್ತಿದ್ದರೆ ಹದ ಬಂದಿದೆ. ಥಟ್ಟನೆ ಎದ್ದರೆ ಇನ್ನೂ ಕಾಯಬೇಕು. ಏಳದೇ ಉಳಿದರೆ ಹೊತ್ತು ಮೀರಿದೆ. ಕಾಗದದ ಉಪಯೋಗ ಎಣ್ಣೆಯ ಬಳಿ ಗೊತ್ತಾಗುತ್ತದೆ: ಉಬ್ಬಿದ ಉಂಡೆಯನ್ನು ಕೈಯಲ್ಲಿ ಎತ್ತಿದರೆ ಗಾಳಿ ಹೋಗಿ ಚಪ್ಪಟೆಯಾಗುತ್ತದೆ, ಕಾಗದದ ಸಮೇತ ಬಾಣಲೆಗೆ ಜಾರಿಸಿದರೆ ಕೆಲ ಕ್ಷಣದಲ್ಲಿ ಕಾಗದ ತಾನೇ ಬಿಟ್ಟುಕೊಳ್ಳುತ್ತದೆ, ಇಕ್ಕಳದಿಂದ ತೆಗೆದರಾಯಿತು.

ಎಣ್ಣೆಯ ಕಾವು

ಡೋನಟ್ ಕೆಡುವುದು ಹೆಚ್ಚಾಗಿ ಇಲ್ಲಿಯೇ. ಎಣ್ಣೆ 170ರಿಂದ 175 ಡಿಗ್ರಿ ಸೆಲ್ಸಿಯಸ್ ಇರಬೇಕು. ಪೂರಿಗೆ ಕಾಯಿಸುವಷ್ಟು ಕಾಯಿಸಿದರೆ ಹೊರಗೆ ಕೆಂಪಗಾಗಿ ಒಳಗೆ ಹಿಟ್ಟು ಹಿಟ್ಟಾಗಿ ಉಳಿಯುತ್ತದೆ. ಕಾವು ತೀರ ಕಡಿಮೆಯಾದರೆ ಸಿಪ್ಪೆ ಗಟ್ಟಿಯಾಗಲು ತಡವಾಗಿ ಎಣ್ಣೆ ಹೀರಿಕೊಳ್ಳುತ್ತದೆ. ಥರ್ಮಾಮೀಟರ್ ಇದ್ದರೆ ಚಿಂತೆಯಿಲ್ಲ. ಇಲ್ಲದವರು ಗೋಲಿಯಷ್ಟು ಹಿಟ್ಟು ಹಾಕಿ ನೋಡಬೇಕು: ಅದು ಸಣ್ಣ ಗುಳ್ಳೆಗಳೊಂದಿಗೆ ತೇಲಿ, ಹೊಂಬಣ್ಣಕ್ಕೆ ಬರಲು ಒಂದು ನಿಮಿಷದ ಆಸುಪಾಸು ತೆಗೆದುಕೊಂಡರೆ ಸರಿ.

ಒಂದು ಬದಿಗೆ ಒಂದೂವರೆಯಿಂದ ಎರಡು ನಿಮಿಷ, ಮಗುಚಿ ಮತ್ತಷ್ಟೇ. ಒಮ್ಮೆಗೆ ಮೂರಕ್ಕಿಂತ ಹೆಚ್ಚು ಹಾಕಿದರೆ ಎಣ್ಣೆಯ ಕಾವು ಕುಸಿಯುತ್ತದೆ. ಚೆನ್ನಾಗಿ ಉಬ್ಬಿದ ಉಂಡೆ ಹಗುರಾಗಿ ಅರ್ಧ ಮುಳುಗಿ ತೇಲುವುದರಿಂದ ನಡುವೆ ಸುತ್ತಲೂ ಬಿಳಿಯ ಪಟ್ಟಿಯೊಂದು ಉಳಿಯುತ್ತದೆ. ಯುರೋಪಿನ ಬೇಕರಿಯವರಿಗೆ ಆ ಪಟ್ಟಿ ಹದಕ್ಕೆ ಸಾಕ್ಷಿ. ಅದಿಲ್ಲದಿದ್ದರೆ ಹಿಟ್ಟು ಭಾರವಾಗಿತ್ತು ಎಂದರ್ಥ.

ಡೋನಟ್‌ಗೆ ಎಣ್ಣೆ ಇಳಿಯುವುದು ಬಾಣಲೆಯಲ್ಲಿ ಮಾತ್ರವಲ್ಲ. ಕರಿಯುವಾಗ ಒಳಗಿನ ನೀರು ಹಬೆಯಾಗಿ ಹೊರಬರುತ್ತಿರುತ್ತದೆ, ಆ ಒತ್ತಡ ಎಣ್ಣೆಯನ್ನು ಹೊರಗೇ ತಡೆಯುತ್ತದೆ. ಮೇಲೆತ್ತಿದ ಮೇಲೆ ಹಬೆ ತಣಿದು ಒಳಗೆ ಒತ್ತಡ ಕಡಿಮೆಯಾಗುತ್ತದೆ, ಆಗ ಮೈಗೆ ಅಂಟಿದ ಎಣ್ಣೆಯನ್ನು ಡೋನಟ್ ಒಳಕ್ಕೆ ಎಳೆದುಕೊಳ್ಳುತ್ತದೆ. ಎತ್ತಿದ ಕೂಡಲೇ ಜಾಲರಿಯ ಮೇಲಿಟ್ಟು ಸೋರಿಸಿ, ಕಾಗದದಿಂದ ಒತ್ತಿ ತೆಗೆದರೆ ಎಣ್ಣೆ ಎಷ್ಟೋ ಕಡಿಮೆಯಾಗುತ್ತದೆ. ಚಕ್ಕುಲಿಗೂ ವಡೆಗೂ ಇದೇ ಮಾತು ಅನ್ವಯ.

ಭರಣಿಯಿಂದ ಹೂರಣಕ್ಕೆ

ಇನ್ನು ನೆನಪಿನ ಭಾಗ. ಬಾಲ್ಯದ ಮಿಠಾಯಿಯನ್ನು ಪುಡಿ ಮಾಡಿ ತುಂಬುವುದು ಸುಲಭ, ಆದರೆ ಮಿಠಾಯಿಗಳಲ್ಲಿ ಹೆಚ್ಚಿನವು ಕಡಿಯಲು ಅಥವಾ ಚೀಪಲು ಹುಟ್ಟಿದವು. ಅವನ್ನು ಹೂರಣವಾಗಿಸಲು ಪಾಕದ ಹದವನ್ನೇ ಬದಲಿಸಬೇಕು.

ಕಮರ್‌ಕಟ್ ಇದಕ್ಕೆ ಒಳ್ಳೆಯ ಪಾಠ. ಬೆಲ್ಲ, ತೆಂಗಿನಕಾಯಿ, ಚೂರು ಏಲಕ್ಕಿ. ಇಷ್ಟೇ ಅದರ ಸಾಮಗ್ರಿ. ಪಾಕದ ಹನಿಯನ್ನು ತಣ್ಣೀರಿಗೆ ಬಿಟ್ಟು ತಟ್ಟೆಗೆ ಹಾಕಿದರೆ ಟಣ್ ಎನ್ನುವ ತನಕ ಕಾಯಿಸಿದರೆ ಹಲ್ಲಿಗೆ ಸವಾಲಾದ ಮಿಠಾಯಿ. ಅದನ್ನೇ ಉಂಡೆ ಪಾಕದಲ್ಲಿ, ಅಂದರೆ ನೀರಿಗೆ ಬಿಟ್ಟ ಹನಿ ಬೆರಳಲ್ಲಿ ಮೆತ್ತಗೆ ಉರುಳುವ ಹಂತದಲ್ಲಿ, ತಡೆದು ಗಟ್ಟಿ ಕಾಯಿಹಾಲು ಸುರಿದರೆ ಮೃದುವಾದ ಕ್ಯಾರಮೆಲ್. 150 ಗ್ರಾಂ ಬೆಲ್ಲಕ್ಕೆ 200 ಮಿ.ಲೀ. ಕಾಯಿಹಾಲು, ಒಂದು ಚಮಚ ತುಪ್ಪ, ಚಿಟಿಕೆ ಉಪ್ಪು, ಒಣಶುಂಠಿ. ಸೌಟಿನ ಬೆನ್ನಿಗೆ ದಪ್ಪಗೆ ಅಂಟುವವರೆಗೆ ಸಣ್ಣ ಉರಿಯಲ್ಲಿ ಕುದಿಸಿ ಆರಿಸಬೇಕು. ವಿದೇಶಿ ಪುಸ್ತಕದ ಡಿಗ್ರಿ ನಂಬಿ ಪಾಕ ಮಾಡುವವರಿಗೆ ಒಂದು ಮಾತು: ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದ ಬೆಂಗಳೂರಿನಲ್ಲಿ ನೀರು 97 ಡಿಗ್ರಿಯ ಆಸುಪಾಸಿನಲ್ಲೇ ಕುದಿಯುತ್ತದೆ. ಪಾಕದ ಪ್ರತಿ ಹಂತವೂ ಅಷ್ಟೇ ಮೊದಲು ಬರುತ್ತದೆ. ಅಜ್ಜಿಯ ತಣ್ಣೀರಿನ ಬಟ್ಟಲು ಎಲ್ಲ ಊರಿಗೂ ಸಲ್ಲುತ್ತದೆ.

ಹಸುವಿನ ಹಾಲಿನ ಬದಲು ಕಾಯಿಹಾಲು ಏಕೆ? ಕುದಿಯುವ ಹಾಲಿಗೆ ಬೆಲ್ಲ ಹಾಕಿದರೆ ಒಡೆಯುವ ಸಂಭವ ಹೆಚ್ಚು. ಬೆಲ್ಲದಲ್ಲಿ ತುಸು ಆಮ್ಲಗುಣವಿದೆ, ಬಿಸಿ ಸೇರಿದಾಗ ಹಾಲಿನ ಪ್ರೋಟೀನ್ ಮೊಸರಾಗುತ್ತದೆ. ಪಾಯಸಕ್ಕೆ ಬೆಲ್ಲ ಹಾಕುವಾಗ ಒಲೆ ಆರಿಸಿ ಕಾಯುವ ಹಳಬರ ಅಭ್ಯಾಸಕ್ಕೆ ಕಾರಣ ಇದು. ಬೆಲ್ಲದ ಕಸ್ಟರ್ಡ್ ಬೇಕೆನ್ನುವವರೂ ಹಾಗೆಯೇ, ಕಸ್ಟರ್ಡ್ ಆರಿದ ಮೇಲೆ ಬೆಲ್ಲದ ಪಾಕ ಬೆರೆಸಬೇಕು.

ಕಡಲೆ ಮಿಠಾಯಿಯದು ಬೇರೆ ದಾರಿ. ಉತ್ತರ ಕರ್ನಾಟಕದವರು ಶೇಂಗಾ ಚಿಕ್ಕಿ ಎನ್ನುವ ಇದನ್ನು ಮಿಕ್ಸಿಯಲ್ಲಿ ನಿಲ್ಲಿಸಿ ನಿಲ್ಲಿಸಿ ತಿರುಗಿಸಿದರೆ ಮೊದಲು ಪುಡಿಯಾಗುತ್ತದೆ, ಬಳಿಕ ಶೇಂಗಾದ ಎಣ್ಣೆ ಬಿಟ್ಟು ಮುದ್ದೆಯಾಗುತ್ತದೆ. 150 ಗ್ರಾಂ ಚಿಕ್ಕಿಗೆ ನಾಲ್ಕು ಚಮಚ ತಾಜಾ ಕ್ರೀಮ್ ಸೇರಿಸಿದರೆ ಹೂರಣ ಸಿದ್ಧ. ಚಿಕ್ಕಿಯ ಚೂರುಗಳನ್ನು ಒಳಗೆ ಹಾಕಿ ಕರುಮ್ ಎನಿಸುವ ಆಸೆ ಬೇಡ. ಒಂದೆರಡು ಗಂಟೆಯಲ್ಲಿ ತೇವ ಹೀರಿ ಅಂಟಂಟಾಗುತ್ತವೆ. ಬಡಿಸುವ ಹೊತ್ತಿಗೆ ಮೇಲೆ ಉದುರಿಸಿದರೆ ಸಾಕು. ಗೋಕಾಕದ ಕರದಂಟು ಮಾತ್ರ ಈ ಉಪಾಯಕ್ಕೆ ಬಗ್ಗುವುದಿಲ್ಲ. ಅದರ ಅಂಟು, ಒಣಕೊಬ್ಬರಿ, ಡ್ರೈ ಫ್ರೂಟ್ಸ್ ಯಾವ ತೂತಿನಲ್ಲೂ ಇಳಿಯವು. ಅದನ್ನು ಹಾಗೆಯೇ ತಿನ್ನುವುದು ಅದಕ್ಕೂ ನಮಗೂ ಒಳ್ಳೆಯದು.

ಬೆಳಗಾವಿಯ ಕುಂದಾ ಈ ಕೆಲಸಕ್ಕೆಂದೇ ಹುಟ್ಟಿದಂತಿದೆ. ಹಾಲನ್ನು ಇಂಗಿಸಿ, ಮೊಸರಿನಿಂದ ಒಡೆಸಿ, ಸಕ್ಕರೆಯೊಂದಿಗೆ ಕಂದು ಬಣ್ಣ ಬರುವವರೆಗೆ ಮಗುಚಿದ ಈ ಸಿಹಿಯಲ್ಲಿ ತುಸು ಹುಳಿಯ ಅಂಶವೂ ಸುಟ್ಟ ಹಾಲಿನ ಘಮವೂ ಇವೆ. ಕಾಲು ಕಿಲೋ ಕುಂದಾಕ್ಕೆ ನಾಲ್ಕೈದು ಚಮಚ ಬಿಸಿ ಹಾಲು ಬೆರೆಸಿ ಕಿವುಚಿದರಾಯಿತು. ಅರ್ಜೆಂಟೀನಾದ ಬೇಕರಿಗಳು ಇದರ ದೂರದ ನೆಂಟನನ್ನು, ‘ಡುಲ್ಸೆ ದೆ ಲೆಚೆ’ ಎಂಬ ಇಂಗಿಸಿದ ಕಂದು ಹಾಲನ್ನು, ಡೋನಟ್‌ಗೆ ತುಂಬುತ್ತವೆ. ಧಾರವಾಡ ಪೇಡವೂ ಕಂದು ಹಾಲಿನದೇ. ಆದರೆ ಮರಳು ಮರಳಾಗಿ ಗಂಟಲಿಗೆ ಹಿಡಿಯುತ್ತದೆ. ಮೈಸೂರು ಪಾಕಂತೂ ತಣ್ಣಗಾದಾಗ ತುಪ್ಪ ಹೆಪ್ಪುಗಟ್ಟಿ ಮೇಣವಾಗುತ್ತದೆ. ಇವೆರಡನ್ನೂ ಡೋನಟ್‌ನಿಂದ ದೂರ ಇಡುವುದು ವಾಸಿ.

ಹೋಳಿಗೆಯ ಹೂರಣ ಬೇಕೇ ಬೇಕೆನ್ನುವವರು ತೊಗರಿಬೇಳೆಯದ್ದಾಗಲಿ ಕಡಲೆಬೇಳೆಯದ್ದಾಗಲಿ ನುಣ್ಣಗೆ ರುಬ್ಬಿ, ಕಾಯಿಹಾಲು ಮತ್ತು ತುಪ್ಪದಲ್ಲಿ ಸಡಿಲಿಸಿಕೊಳ್ಳಬೇಕು. ಬೇಳೆಯ ಪಿಷ್ಟ ನೀರನ್ನು ಹಿಡಿದಿಡುವುದರಿಂದ ಇದು ಸೋರುವುದಿಲ್ಲ, ಡೋನಟ್‌ನ ಒಳಮೈಯನ್ನು ಹಸಿ ಮಾಡುವುದಿಲ್ಲ. ಬಸಿದ ಕಟ್ಟು ಹೇಗೂ ಸಾರಿಗೆ ಆಯಿತು.

ಬೇಕರಿಯ ಮಕ್ಕಳಾಗಿ ಬೆಳೆದವರ ನೆನಪು ಇನ್ನೊಂದು ಬಗೆಯದು. ಬೆಂಗಳೂರಿನ ಚಿಕ್ಕಪೇಟೆಯಲ್ಲಿ ಎಚ್.ಎಸ್. ತಿರುಮಲಾಚಾರ್ 1898ರಲ್ಲಿ ತೆರೆದ ಬಿ.ಬಿ. ಬೇಕರಿಯಿಂದ ಶುರುವಾದ ಅಯ್ಯಂಗಾರ್ ಬೇಕರಿಗಳ ಪರಂಪರೆ ಇಂದು ರಾಜ್ಯದ ಮೂಲೆ ಮೂಲೆಯಲ್ಲಿದೆ. ಕೊಬ್ಬರಿ ಬನ್ನು, ದಿಲ್ ಪಸಂದ್ ಅವುಗಳ ಹೆಗ್ಗುರುತು. ದಿಲ್ ಪಸಂದಿನೊಳಗಿನ ಕಾಯಿತುರಿ, ಸಕ್ಕರೆ, ಏಲಕ್ಕಿ, ಟೂಟಿಫ್ರೂಟಿಯನ್ನು ಡೋನಟ್‌ಗೆ ತುಂಬುವಾಗ ಕಾಯಿತುರಿ ನಳಿಕೆಗೆ ಸಿಕ್ಕಿಕೊಳ್ಳುತ್ತದೆ. ತುರಿಯನ್ನು ಹಾಲಿನಲ್ಲಿ ಬೇಯಿಸಿ ತರಿತರಿಯಾಗಿ ರುಬ್ಬಿ, ಡೋನಟ್‌ನ ಬದಿಯನ್ನು ಚಾಕುವಿನಿಂದ ಸೀಳಿ ಚಮಚದಲ್ಲಿ ತುಂಬುವುದು ಒಳ್ಳೆಯದು. ಅಂದಹಾಗೆ, ಆ ಕೆಂಪು ಹಸಿರು ಟೂಟಿಫ್ರೂಟಿ ಹೆಚ್ಚಿನ ಪಾಲು ಪರಂಗಿ ಕಾಯಿ, ಸಕ್ಕರೆ ಪಾಕದಲ್ಲಿ ನೆನೆದದ್ದು.

ಮೂಲೆಯ ತಟ್ಟೆ

ಇಷ್ಟಾದರೂ ಮೇಲಿನವೆಲ್ಲ ಸಿಹಿಯ ಮಕ್ಕಳೇ. ಡೋನಟ್‌ನೊಳಗೆ ನಿಜವಾಗಿ ಗೆಲ್ಲುವುದು ಕುಟ್ಟುಂಡೆ.

ಹುಣಸೆಹಣ್ಣು, ಬೆಲ್ಲ, ಜೀರಿಗೆ, ಉಪ್ಪು, ಒಣಮೆಣಸಿನಕಾಯಿ ಒರಳಲ್ಲಿ ಕುಟ್ಟಿ ಉಂಡೆ ಮಾಡಿ ಕಡ್ಡಿಗೆ ಸಿಕ್ಕಿಸಿದರೆ ಕುಟ್ಟುಂಡೆ; ಕೆಲವೆಡೆ ಹುಣಸೆ ಚಿಗಳಿ. ಹುಣಸೆಯ ಹುಳಿ ಟಾರ್ಟಾರಿಕ್ ಆಮ್ಲದ್ದು, ದ್ರಾಕ್ಷಿಯಲ್ಲಿರುವುದೂ ಅದೇ. ಸಾಕಷ್ಟು ಪೆಕ್ಟಿನ್ ಕೂಡ ಅದರಲ್ಲಿದೆ, ಜ್ಯಾಮ್ ಗಟ್ಟಿಯಾಗಲು ಬೇಕಾದದ್ದೇ ಅದು. ಪೋಲೆಂಡಿನವರ ಪ್ಲಮ್ ಜ್ಯಾಮಿಗೆ ಇಷ್ಟು ಹತ್ತಿರದ ಹೂರಣ ನಮ್ಮ ಭರಣಿಗಳಲ್ಲಿ ಇನ್ನೊಂದಿಲ್ಲ.

ಮಾಡುವುದೂ ಸರಳ. ಬೀಜ, ನಾರು ತೆಗೆದ 60 ಗ್ರಾಂ ಹುಣಸೆಹಣ್ಣನ್ನು ಬಿಸಿನೀರಿನಲ್ಲಿ ನೆನೆಸಿ ಗಟ್ಟಿ ರಸ ಹಿಂಡಿ, ಜರಡಿಯಲ್ಲಿ ಸೋಸಬೇಕು. 200 ಗ್ರಾಂ ಬೆಲ್ಲ, ಹುರಿದ ಜೀರಿಗೆ ಪುಡಿ ಅರ್ಧ ಚಮಚ, ಬ್ಯಾಡಗಿ ಮೆಣಸಿನ ಪುಡಿ ಕಾಲು ಚಮಚ, ಉಪ್ಪು ಚಿಟಿಕೆ. ಸ್ಟೀಲ್ ಪಾತ್ರೆಯಲ್ಲೇ ಕುದಿಸಬೇಕು, ಅಲ್ಯೂಮಿನಿಯಂ ಹುಳಿಗೆ ಆಗದು. ತಟ್ಟೆಯ ಮೇಲೆ ಒಂದು ಹನಿ ಬಿಟ್ಟು ಬೆರಳಿಂದ ಗೆರೆ ಎಳೆದಾಗ ಗೆರೆ ಕೂಡಿಕೊಳ್ಳದಿದ್ದರೆ ಇಳಿಸಬಹುದು. ಆರಿದಾಗ ಇನ್ನೂ ಗಟ್ಟಿಯಾಗುವುದರಿಂದ ತುಸು ತೆಳ್ಳಗಿರುವಾಗಲೇ ನಿಲ್ಲಿಸುವುದು ಜಾಣತನ. ಇದಕ್ಕೆ ಹಾಲು, ಕ್ರೀಮ್ ಯಾವುದೂ ಸೇರಿಸಬಾರದು, ಒಡೆಯುತ್ತದೆ. ಖಾರ ಕಡಿಮೆಯಿರಬೇಕು, ತಿಂದು ಮುಗಿಸಿದ ಮೇಲೆ ಗಂಟಲಲ್ಲಿ ಮೆಲ್ಲಗೆ ತಿಳಿದರೆ ಸಾಕು.

ಹುಳಿ ಪೆಪ್ಪರಮಿಂಟಿನ ಅಭಿಮಾನಿಗಳಿಗೆ ಕಿತ್ತಳೆ ಅಥವಾ ನಿಂಬೆಯ ಕಸ್ಟರ್ಡ್ ಇದೆ. ಮೊಟ್ಟೆ ಆಗದ ಹೆಂಡತಿಗಾಗಿ ಇಂಗ್ಲೆಂಡಿನ ಆಲ್ಫ್ರೆಡ್ ಬರ್ಡ್ 1837ರಲ್ಲಿ ಕಂಡುಹಿಡಿದ ಕಸ್ಟರ್ಡ್ ಪುಡಿ, ಮೆಕ್ಕೆಜೋಳದ ಪಿಷ್ಟದ್ದು, ಸಸ್ಯಾಹಾರಿ ಮನೆಗಳಿಗೆ ವರವಾಗಿದೆ. ಒಂದು ಲೋಟ ಹಾಲಿಗೆ ಮಾಮೂಲಿಗಿಂತ ಹೆಚ್ಚು, ಮೂರು ದೊಡ್ಡ ಚಮಚ ಪುಡಿ ಹಾಕಿದರೆ ತುಂಬುವ ಹದ. ನಿಂಬೆಯ ಸಿಪ್ಪೆಯ ತುರಿಯನ್ನು ಬಿಸಿಯಿರುವಾಗ, ರಸವನ್ನು ಪೂರ್ತಿ ತಣಿದ ಮೇಲೆ ಸೇರಿಸಬೇಕು.

ತುಂಬುವ ಹೊತ್ತು

ಡೋನಟ್ ಪೂರ್ತಿ ಆರಿರಬೇಕು. ಬಿಸಿಯಿದ್ದರೆ ಹೂರಣ ಕರಗಿ ಸೋರುತ್ತದೆ. ಬಿಳಿ ಪಟ್ಟಿಯ ಜಾಗದಲ್ಲಿ ಕಡ್ಡಿ ಚುಚ್ಚಿ, ಒಳಗೆ ಅತ್ತಿತ್ತ ತಿರುಗಿಸಿ ಗೂಡು ಮಾಡಿಕೊಳ್ಳಬೇಕು. ಹೀಗೆ ಮಾಡದೆ ಒತ್ತಿದರೆ ಹೂರಣಕ್ಕೆ ಜಾಗ ಸಿಗದೆ ಹಿಂದಕ್ಕೇ ಉಕ್ಕುತ್ತದೆ. ಹೂರಣ ಒತ್ತುವ ಕೋನ್ ಇಲ್ಲದಿದ್ದರೆ ದಪ್ಪ ಪ್ಲಾಸ್ಟಿಕ್ ಚೀಲದ ಮೂಲೆ ಕತ್ತರಿಸಿಕೊಂಡರೆ ಆಯಿತು. ಒಂದಕ್ಕೆ 20ರಿಂದ 25 ಗ್ರಾಂ ಹೂರಣ ಮಿತಿ. ಕುಟ್ಟುಂಡೆಯದಾದರೆ 15 ಗ್ರಾಂ ಸಾಕು. ಮೇಲೆ ಪುಡಿ ಸಕ್ಕರೆ ತೆಳ್ಳಗೆ ಜರಡಿ ಹಿಡಿದರೆ ಅಲಂಕಾರವೂ ಮುಗಿಯಿತು.

ಗುಲಾಬಿ ಬಣ್ಣದ ಲೇಪದಿಂದ ಬೊಂಬಾಯಿ ಮಿಠಾಯಿಯನ್ನು ನೆನಪಿಸುವ ಆಸೆ ಕೆಲವರದು. ಆ ಮಿಠಾಯಿಯಲ್ಲಿ ರೋಡಮಿನ್-ಬಿ ಎಂಬ ಬಟ್ಟೆಗೆ ಹಾಕುವ ಬಣ್ಣ ಪತ್ತೆಯಾದ ಮೇಲೆ ಕರ್ನಾಟಕ ಸರ್ಕಾರ 2024ರ ಮಾರ್ಚಿನಲ್ಲಿ ಅದಕ್ಕೂ ಗೋಬಿ ಮಂಚೂರಿಗೂ ಕೃತಕ ಬಣ್ಣ ಹಾಕುವುದನ್ನು ನಿಷೇಧಿಸಿತು. ಮನೆಯಲ್ಲಿ ಬೀಟ್‌ರೂಟಿನ ಒಂದು ಚಮಚ ರಸ ಅದೇ ಬಣ್ಣ ಕೊಡುತ್ತದೆ, ವಾಸನೆ ಅಂಟುವುದಿಲ್ಲ.

ನೆರೆಹೊರೆಯವರಿಗೆ ಮಾರುವ ಯೋಚನೆ ಇದ್ದವರು ಎರಡು ವಿಷಯ ತಿಳಿದಿರಬೇಕು. ಮನೆಯಲ್ಲೇ ಮಾಡಿ ಮಾರುವವರಿಗೂ ಆಹಾರ ಸುರಕ್ಷತಾ ಪ್ರಾಧಿಕಾರದ ನೋಂದಣಿ ಕಡ್ಡಾಯ. ಮತ್ತೆ ಮತ್ತೆ ಕಾಯಿಸಿದ ಎಣ್ಣೆಗೂ ಅದೇ ಪ್ರಾಧಿಕಾರ ಮಿತಿ ಹಾಕಿದೆ: ಎಣ್ಣೆ ಹಳಸಿದಂತೆ ಹೆಚ್ಚುವ ಧ್ರುವೀಯ ಸಂಯುಕ್ತಗಳು ಶೇ 25 ದಾಟಿದರೆ ಅದು ಅಡುಗೆಗೆ ಯೋಗ್ಯವಲ್ಲ. ಮನೆಯಲ್ಲಿ ಅಳೆಯುವ ಸಾಧನ ಇರುವುದಿಲ್ಲವಾದ್ದರಿಂದ ಎಣ್ಣೆ ಕಪ್ಪಾದರೆ, ನೊರೆ ನಿಂತರೆ ಚೆಲ್ಲುವ ಮನಸ್ಸು ಮಾಡಬೇಕು.

ಹಾಲು, ಕ್ರೀಮ್, ಹಸಿ ಕಾಯಿಯ ಹೂರಣವಿದ್ದರೆ ತುಂಬಿದ ಎರಡು ಗಂಟೆಯೊಳಗೆ ತಿನ್ನಬೇಕು ಅಥವಾ ಫ್ರಿಜ್ಜಿಗೆ ಸೇರಿಸಬೇಕು, ಅಲ್ಲಿಟ್ಟರೆ ಡೋನಟ್ ಬಿರುಸಾಗುತ್ತದೆ. ಕುಟ್ಟುಂಡೆಯ ಹೂರಣಕ್ಕೆ ಈ ರಗಳೆಯಿಲ್ಲ. ಶನಿವಾರವೇ ಮಾಡಿ ಒಣಗಿದ ಗಾಜಿನ ಬಾಟಲಿಗೆ ತುಂಬಿಟ್ಟರೆ ಭಾನುವಾರಕ್ಕೆ ಹಿಟ್ಟು ನಾದುವ ಕೆಲಸವಷ್ಟೇ ಉಳಿಯುತ್ತದೆ. ಮೊದಲ ಸಲ ಕರಿಯುವವರು ಅದರಿಂದಲೇ ಆರಂಭಿಸಲಿ. ಬಾಟಲಿಯಲ್ಲಿ ಉಳಿದದ್ದು ಮರುದಿನದ ಚಪಾತಿಗೆ ಆಗುತ್ತದೆ.